ಗೊತ್ತಿಲ್ಲ ಅಂದುಬಿಟ್ಟೆ

ಸೋಪಿನ ನೀರಿನಲ್ಲಿ ಜಾರಿದವನು ನೇರವಾಗಿ ತನುಶ್ರೀಯ ಕಾಲ ಬಳಿ ಬಂದು ಬಿದ್ದ.

ಜೂಟರ್‌ಮೀರ್ ಎಂಬ ಡಚ್ ಊರಿನ ಮನೆಸಾಮಾನಿನ ಅಂಗಡಿಯ ಮುಂದೆ ನೆರೆದಿದ್ದವರೆಲ್ಲ ನಕ್ಕರು. ದೊಗಲೆ ಪ್ಯಾಂಟು, ಬಿಳಿ ಬಳಿದ ಮುಖ, ಮಸಿಯಲ್ಲಿ ಬರೆದ ಮೀಸೆ... ನೂರು ವರ್ಷದ ಹಿಂದಿನ ಮೂಕಿ ಚಿತ್ರದ ಸೇಲ್ಸ್‌ಮನ್ ವೇಷ. ಬಕೆಟ್ ಎಡವಿ ಬೀಳುವುದು, ಎದ್ದು ಹೊಸ ಮಾಪ್‌ನಿಂದ ನೆಲ ಒರೆಸಿ ತೋರಿಸುವುದು, ಮತ್ತೆ ಬೀಳುವುದು. ಒಂದೂ ಮಾತಾಡದೆ ಅವನು ಮಾಪ್ ಮಾರುತ್ತಿದ್ದ.

ಅವನು ತಲೆಯೆತ್ತಿದ. ತನುಶ್ರೀ ಗುರುತು ಹಿಡಿದಳು.

ಶ್ರೀಕರ!

ನಾಲ್ಕು ತಿಂಗಳಿಂದ ಪ್ರತಿ ಭಾನುವಾರ ಅವಳ ಜೊತೆ ಕಾಫಿ ಕುಡಿಯುವವನು. ಮೈಸೂರಿನಿಂದ ಬಂದು ಮೂಕಿ ಹಾಸ್ಯಚಿತ್ರಗಳ ಬಗ್ಗೆ ಸಂಶೋಧನೆ ಮಾಡುತ್ತಿರುವವನು. ಪ್ರತಿ ಶನಿವಾರ ಪಾಠ ಹೇಳಲು ಹೋಗುತ್ತೇನೆ ಅಂದಿದ್ದ. ಅವತ್ತೂ ಶನಿವಾರವೇ.

ಜೈಡಾಸ್ ಎಂಬ ಕಚೇರಿ ಬಡಾವಣೆಯ ಆಫೀಸಿನಲ್ಲಿ ಅವಳ ಪಕ್ಕ ಕೂರುವ ಮಾರ್ಲೀಸ್ ಜೊತೆಗಿದ್ದಳು. ಪರಿಚಯದವನಾ ಎಂದು ಕೇಳಿದಳು.

ಇಲ್ಲ, ಯಾರೋ ಗೊತ್ತಿಲ್ಲ, ಅಂದುಬಿಟ್ಟಳು ತನುಶ್ರೀ.

ಅವನಿಗೆ ಕೇಳಿಸಿತು. ಅಪರಿಚಿತಳಿಗೆ ಎಂಬಂತೆ ಟೋಪಿ ಎತ್ತಿ, ಹಿಂದೆ ಸರಿದು, ಮತ್ತೆ ಬಿದ್ದ. ಜನ ಚಪ್ಪಾಳೆ ತಟ್ಟಿದರು.

ನನ್ನ ಸುಳ್ಳನ್ನು ಅವನೇ ಕಾಪಾಡಿದನಲ್ಲ... ನೆನೆದಾಗಲೆಲ್ಲ ಅವಳ ಮುಖ ಉರಿಯುತ್ತಿತ್ತು. ಭಾನುವಾರ ಅವನು ಬರಲಿಲ್ಲ. ಮೆಸೇಜಿಗೂ ಉತ್ತರವಿಲ್ಲ. ಬುಧವಾರ ಊಟದ ಹೊತ್ತಿನಲ್ಲಿ ಮಾರ್ಲೀಸ್‌ಗೆ ನಿಜ ಹೇಳಿದಳು. ಯಾಕೆ ಹಾಗೆ ಹೇಳಿದೆ ಎಂದಷ್ಟೇ ಅವಳು ಕೇಳಿದಳು.

ಮುಂದಿನ ಶನಿವಾರ ತನುಶ್ರೀ ಮಾರ್ಲೀಸ್‌ಳನ್ನು ಕರೆದುಕೊಂಡೇ ಆ ಅಂಗಡಿಗೆ ಹೋದಳು. ಆಟ ಮುಗಿಯುತ್ತಿದ್ದಂತೆ ನೆರೆದವರ ನಡುವೆಯೇ ಅವನ ಪಕ್ಕ ನಿಂತು, ಇವನು ಶ್ರೀಕರ, ನನಗೆ ತುಂಬ ಬೇಕಾದವನು, ಹೋದ ವಾರ ನಾನು ಸುಳ್ಳು ಹೇಳಿದ್ದೆ ಎಂದು ಪರಿಚಯಿಸಿದಳು. ಮಾರ್ಲೀಸ್ ಅವನ ಒದ್ದೆ ಕೈ ಕುಲುಕಿ, ಒಂದು ಮಾಪ್ ಕೊಳ್ಳಲು ಒಳಗೆ ಹೋದಳು.

ಇಬ್ಬರೇ ಉಳಿದರು.

"ಅವತ್ತು ನಿನ್ನ ನೋಡಿ ನಾಚಿಕೆ ಆಯ್ತು ಶ್ರೀಕರ. ಸುಳ್ಳು ಹೇಳಲ್ಲ. ಈಗ ನನ್ನ ಮೇಲೇ ನಾಚಿಕೆ..."

ಅವನು ಮಸಿಯ ಮೀಸೆ ಒರೆಸಿಕೊಂಡ.

"ನಂಗೂ ನಾಚಿಕೆನೇ ಕಣೇ. ಅದಕ್ಕೇ ಪಾಠ ಅಂತ ಕಥೆ ಕಟ್ಟಿದ್ದು. ಬಕೆಟ್ ಒದ್ಕೊಂಡು ಬೀಳ್ತೀನಿ ಅಂದ್ರೆ ನೀನು ಬಿಟ್ಟು ಹೋಗ್ತೀಯ ಅನ್ಕೊಂಡೆ."

"ಹೋಗಲ್ಲ. ನೀನಂದ್ರೆ ಪ್ರಾಣ ನಂಗೆ."

ಅವನ ಕಣ್ಣು ತುಂಬಿ, ಕೆನ್ನೆಯ ಬಿಳಿ ಬಣ್ಣ ಕರಗಿ ಇಳಿಯಿತು. ಅವಳು ದುಪಟ್ಟಾದಿಂದ ಒರೆಸಿದಳು.

"ಇಷ್ಟೊಂದು ಬಿದ್ರೆ ನೋಯಲ್ವಾ?"

"ನೋಯುತ್ತೆ. ಮೊಣಕೈ."

"ತೋರ್ಸು," ಅಂದಳು.