ಮೂರು ತಿಂಗಳ ಕಂತು

"ಇಷ್ಟು ವರ್ಷ ಕಟ್ಟಿದ್ದೆಲ್ಲ ಬಾಡಿಗೆ ಅಂದ್ಕೊಂಡ್ಬಿಡು," ಎಂದರು ಅತ್ತೆ, ಊಟದ ತಟ್ಟೆಯಿಂದ ತಲೆ ಎತ್ತದೆ. "ನೀನು, ನಿನ್ನ ಗಂಡ, ನಿನ್ನ ಮಗಳು ಹನ್ನೊಂದು ವರ್ಷ ಈ ಸೂರಿನ ಕೆಳಗೆ ಮಲಗಿ ಎದ್ದಿಲ್ವಾ? ಪುಕ್ಕಟೆ ಮಲಗೋಕಾಗುತ್ತಾ?"

ಕಿರಿಸೊಸೆ ಲೋಟಕ್ಕೆ ನೀರು ಬಗ್ಗಿಸುತ್ತಲೇ ಇದ್ದಳು. ಗಂಡ ತೀರಿಕೊಂಡ ಮೇಲೆ ಈ ಮಾತು ಒಂದಲ್ಲ ಒಂದು ದಿನ ಬರುತ್ತದೆಂದು ಅವಳಿಗೆ ಗೊತ್ತಿತ್ತು. ಮದುವೆಯಾಗಿ ಬಂದ ವರ್ಷವೇ ಅತ್ತೆ ಅವಳಿಗೆ 'ಮೂಗಿ' ಎಂದು ಹೆಸರಿಟ್ಟಿದ್ದರು. ಮಾತು ಕಡಿಮೆ, ಕಣ್ಣು ಮಾತ್ರ ಎಲ್ಲ ಕಡೆ. ಆಸ್ಪತ್ರೆಯೊಂದರ ಬಟ್ಟೆ ಒಗೆಯುವ ವಿಭಾಗದಲ್ಲಿ ಅವಳ ಕೆಲಸ. ಬಿಸಿ ಉರುಳೆಯ ಬಾಯಿಂದ ಇಸ್ತ್ರಿಯಾಗಿ ಬರುವ ಹೊದಿಕೆಗಳನ್ನು ದಿನವಿಡೀ ಮಡಿಸುವುದು. ಆ ಯಂತ್ರದ ಸದ್ದಿನಲ್ಲಿ ಮಾತಾಡಿದರೂ ಯಾರಿಗೂ ಕೇಳುವುದಿಲ್ಲ. ಹಾಗಾಗಿ ಮೂಗಿಯಾಗಿರುವುದು ಅವಳಿಗೇನೂ ಕಷ್ಟವಾಗಿರಲಿಲ್ಲ.

"ಅಮ್ಮ ಸ್ವಲ್ಪ ಒರಟಾಗಿ ಹೇಳಿದ್ರು, ಬೇಜಾರು ಮಾಡ್ಕೋಬೇಡ," ಎಂದ ಭಾವ, ಬೆರಳು ಚೀಪುತ್ತಾ. ನಲ್ಲಿ, ಸಿಂಕು, ನೆಲದ ಹಾಸುಬಿಲ್ಲೆ ಮಾರುವ ಅಂಗಡಿ ಅವನದು. ಗಿರಾಕಿ ಒಂದು ನಲ್ಲಿ ಕೊಳ್ಳಲು ಬಂದರೂ ಎರಡು ಗಂಟೆ ಕೂರಿಸಿಕೊಂಡು, ಬಾಡಿಗೆ ಕಟ್ಟುವವನಂಥ ದಡ್ಡ ಇನ್ನೊಬ್ಬನಿಲ್ಲ ಎಂದು ಉಪದೇಶ ಮಾಡಿ ಕಳಿಸುವವನು. "ನಾನು ನ್ಯಾಯಾನೇ ಮಾತಾಡ್ತಿದೀನಿ. ನಿನ್ನ ಗಂಡನ ಪಾಲು ನನಗೆ ಬಿಟ್ಟುಕೊಡು. ಉಳಿದ ಸಾಲ ನನ್ನ ತಲೆ ಮೇಲಿರ್ಲಿ. ಇಪ್ಪತ್ತು ವರ್ಷದ ಸಾಲ, ಹನ್ನೊಂದು ಮುಗಿದೇ ಹೋಯ್ತು. ನೀನು ಒಂಟಿ ಹೆಂಗಸು, ಎಲ್ಲಿ ಒದ್ದಾಡ್ತೀಯ?"

ಕಿರಿಸೊಸೆ ಲೋಟವನ್ನು ಅವನ ಮುಂದಿಟ್ಟಳು.

"ಎಷ್ಟೇ ಉಳಿದಿದ್ರೂ ಅದು ನಿಮ್ದೇನಾ ಭಾವ?"

ಮೂಗಿ ಬಾಯಿ ಬಿಟ್ಟಿದ್ದಕ್ಕೆ ಅತ್ತೆ ತಲೆ ಎತ್ತಿ ನೋಡಿದರು. ಭಾವ ನಕ್ಕ. "ಎಷ್ಟೇ ಇರ್ಲಿ ನಂದೇ. ಬೇಕಾದ್ರೆ ಹಾಗೇ ಬರೆಸು."

"ಹಾಗೇ ಬರೆಸಿ," ಎಂದಳು ಅವಳು.

ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ವಾರಗಿತ್ತಿ, ಅಂದರೆ ಭಾವನ ಹೆಂಡತಿ, ಏನನ್ನೋ ಹೇಳಹೊರಟು ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಕಿರಿಯಳನ್ನು ಕಂಡು ಅವಳಿಗೆ ಅಯ್ಯೋ ಎನಿಸಿತ್ತು. ನಿಜಕ್ಕೂ ಯಾರನ್ನು ಕಂಡು ಅಯ್ಯೋ ಎನ್ನಬೇಕೆಂದು ಆ ಮನೆಯಲ್ಲಿ ಆಗ ಕಿರಿಯಳೊಬ್ಬಳಿಗೇ ಗೊತ್ತಿತ್ತು...

ಅಣ್ಣತಮ್ಮಂದಿರು ಸೇರಿ ಕೊಂಡ ಮನೆ ಅದು. ಮುಂಗಡ ಅಣ್ಣನದು, ತಿಂಗಳ ಕಂತು ತಮ್ಮನದು. ಸಾಲದಲ್ಲೂ ಇಬ್ಬರ ಹೆಸರು. ತಮ್ಮ ಬಸ್ಸಿನ ಚಾಲಕ. ಸಂಬಳ ಕೈಗೆ ಬಂದ ದಿನವೇ ಕಂತು ಕಟ್ಟಿ, ಉಳಿದದ್ದರಲ್ಲಿ ಮನೆ ನಡೆಸಿ, ಕಾಲಿಗೆ ಹೊಸ ಚಪ್ಪಲಿ ಕೊಳ್ಳುವುದನ್ನು ಮುಂದಿನ ತಿಂಗಳಿಗೆ ದಾಟಿಸುತ್ತಿದ್ದವನು. "ಇನ್ನೇನು, ಸವೆದು ಹೋಗುತ್ತೆ," ಎನ್ನುತ್ತಿದ್ದ. ಚಪ್ಪಲಿಯ ಮಾತೋ ಸಾಲದ ಮಾತೋ ಎಂದು ಹೆಂಡತಿ ಕೇಳಿದರೆ ನಗುತ್ತಿದ್ದ. ದೇಶದಲ್ಲಿ ಬಡ್ಡಿ ಏರಿತೆಂಬ ಸುದ್ದಿ ಬಂದಾಗಲೆಲ್ಲ ಅಕ್ಕಪಕ್ಕದ ಮನೆಯವರ ಕಂತು ಹೆಚ್ಚುತ್ತಿತ್ತು, ಇವರದು ಮಾತ್ರ ಇದ್ದಲ್ಲೇ ಇರುತ್ತಿತ್ತು. "ನಾನು ಬ್ಯಾಂಕಿನವರ ಹತ್ರ ಮಾತಾಡಿದೀನಿ. ಒಂದು ಕಾಸು ಏರಿಸೋಕೆ ಬಿಟ್ಟಿಲ್ಲ," ಎಂದು ಅಣ್ಣ ಎದೆ ಉಬ್ಬಿಸುತ್ತಿದ್ದ. ಅತ್ತೆ ಅದನ್ನೇ ಕೇರಿ ತುಂಬ ಸಾರಿ ಬರುತ್ತಿದ್ದರು. ಇಡೀ ಮನೆಗೆ ಅದೊಂದು ಹೆಮ್ಮೆ, ಏರದ ಕಂತು!

ಹೋದ ವರ್ಷ ತಮ್ಮನ ಎದೆಯಲ್ಲಿ ನೋವು ಕಾಣಿಸಿತು. ಮೂರು ತಿಂಗಳು ಸ್ಟೇರಿಂಗ್ ಮುಟ್ಟಬಾರದು ಎಂದರು ವೈದ್ಯರು. ರಜೆ ಹಾಕಿದರೆ ಸಂಬಳವಿಲ್ಲ. ಅವನು ಅಣ್ಣನ ಮುಂದೆ ನಿಂತು, ಹುಟ್ಟಿದಂದಿನಿಂದ ಏನೂ ಕೇಳದವನು, ಮೂರೇ ಮೂರು ಕಂತು ಕಟ್ಟು ಎಂದು ಕೇಳಿದ. ಹಾಸಿಗೆಯ ಮೇಲಿನ ಹೊದಿಕೆ ಸರಿಪಡಿಸುತ್ತಾ ಹೆಂಡತಿ ಗೋಡೆಯ ಈಚೆಯಿಂದ ಕೇಳಿಸಿಕೊಂಡಳು.

"ಮುಂಗಡ ನಂದು, ಕಂತು ನಿಂದು," ಎಂದಿದ್ದ ಅಣ್ಣ. "ಮಾತು ಅಂದ್ರೆ ಮಾತು."

ತಮ್ಮ ಮರುದಿನ ಬಸ್ಸು ಹತ್ತಿದ. ಸಾಲದ್ದಕ್ಕೆ ಎರಡು ಪಾಳಿ. ಎರಡು ತಿಂಗಳು ಕಳೆದು ಮೂರನೆಯದು ನಡೆಯುತ್ತಿರುವಾಗ ಒಂದು ಮಧ್ಯಾಹ್ನ, ತುಂಬಿದ ಬಸ್ಸನ್ನು ರಸ್ತೆಯ ಬದಿಗೆ ತಂದು, ಬ್ರೇಕು ಎಳೆದು, ಬಾಗಿಲು ತೆರೆದು, ಸ್ಟೇರಿಂಗಿನ ಮೇಲೆ ಹಣೆ ಇಟ್ಟ. ಪ್ರಯಾಣಿಕರು, ಚಾಲಕ ದಣಿದು ಮಲಗಿದ್ದಾನೆಂದು ಬೈದುಕೊಂಡರಂತೆ...

ಆಮೇಲೆ ಕಂತು ಕಿರಿಸೊಸೆಯ ಸಂಬಳಕ್ಕೆ ಅಂಟಿಕೊಂಡಿತು. ಗಂಡ ಸತ್ತ ವಿಷಯ ತಿಳಿಸಲು ಅವಳು ಬ್ಯಾಂಕಿಗೆ ಹೋದಾಗ, ಗುಮಾಸ್ತೆ ಪರದೆಯನ್ನು ಅವಳ ಕಡೆ ತಿರುಗಿಸಿದಳು.

"ಇದು ಕೊಟ್ಟ ಸಾಲ. ಇದು ಇನ್ನೂ ಬಾಕಿ ಇರೋದು."

ಎರಡೂ ಅಂಕಿಗಳು ಅಕ್ಕತಂಗಿಯರಂತಿದ್ದವು. ಹತ್ತರಲ್ಲಿ ಒಂದು ಪಾಲು ಕರಗಿತ್ತು, ಅಷ್ಟೇ.

"ಹನ್ನೊಂದು ವರ್ಷ ಕಟ್ಟಿದೀವಿ, ಮೇಡಂ."

"ಕಟ್ಟಿದೀರಿ. ಆದ್ರೆ ನೂರು ಕಟ್ಟಿದ್ರೆ ತೊಂಬತ್ತರ ಹತ್ರ ಬಡ್ಡಿಗೇ ಹೋಗಿದೆ. ಅಸಲಿಗೆ ಬಂದಿದ್ದು ಚೂರುಪಾರು. ಬಡ್ಡಿ ಏರಿದಾಗಲೆಲ್ಲ ನಾವು ಫೋನ್ ಮಾಡಿ ಕೇಳಿದ್ವಿ, ಕಂತು ಏರಿಸ್ಲಾ ಇಲ್ಲ ವರ್ಷ ಏರಿಸ್ಲಾ ಅಂತ. ಕಂತು ಮುಟ್ಟಲೇಬೇಡಿ ಅಂದು, ಉಳಿದಿದ್ದು ಕೇಳದೇ ಫೋನ್ ಇಟ್ಬಿಡ್ತಿದ್ರು ನಿಮ್ಮ ಭಾವ. ವರ್ಷ ಏರ್ತಾ ಹೋಯ್ತು. ಹೀಗೇ ಹೋದ್ರೆ ಇನ್ನೂ ಇಪ್ಪತ್ತೈದು ವರ್ಷ."

"ನಮ್ಮೆಜಮಾನ್ರು ಕೊನೇಲಿ ಕಟ್ಟಿದ್ದು... ಎರಡು ಪಾಳಿ ಮಾಡಿ ಕಟ್ಟಿದ್ದು?"

ಗುಮಾಸ್ತೆ ಆ ಸಾಲುಗಳನ್ನು ನೋಡಿದಳು, ನಂತರ ಇವಳ ಮುಖ ನೋಡಿದಳು. "ಅದೂ ಹಾಗೇ," ಎಂದಳು ಮೆಲ್ಲಗೆ.

ಅಂದರೆ ಆತ ಪ್ರಾಣ ಕೊಟ್ಟು ಒಂದು ಕಿಟಕಿಯ ಚೌಕಟ್ಟನ್ನೂ ಬಿಡಿಸಿಕೊಂಡಿರಲಿಲ್ಲ. ಬಡ್ಡಿಯ ಹೊಟ್ಟೆಗೆ ಹೋಗಿದ್ದ. ದಾರಿಯುದ್ದಕ್ಕೂ ಅವಳಿಗೆ ಅಳುವೇ ಬರಲಿಲ್ಲ. ಹೋಗಿ ಭಾವನಿಗೆ ಹೇಳಬೇಕು, ಎಲ್ಲ ಕೂತು ಏನಾದರೂ ದಾರಿ ಹುಡುಕಬೇಕು ಎಂದಷ್ಟೇ ಅಂದುಕೊಂಡಿದ್ದಳು. ಮಾರಿ ಕೈ ತೊಳೆದುಕೊಳ್ಳೋಣವೆಂದರೆ, ಪಕ್ಕಕ್ಕೆ ಬರುತ್ತದೆಂದು ಬಿಲ್ಡರು ಹೇಳಿದ್ದ ರಸ್ತೆ ಬಂದೇ ಇರಲಿಲ್ಲ. ಕೆಳಮಹಡಿಯವರು ಕೊಂಡ ಬೆಲೆಗೂ ಮಾರಲಾಗದೆ ಬೀಗ ಹಾಕಿಕೊಂಡು ಹೋಗಿದ್ದರು. ಅದನ್ನೆಲ್ಲ ಹೇಳಬೇಕೆಂದು ಚಪ್ಪಲಿ ಬಿಡುತ್ತಿರುವಾಗ ಒಳಗಿನಿಂದ ಭಾವನ ದನಿ ಕೇಳಿತು.

"ಮೂರು ಕಂತು ಕೊಡದೇ ಇದ್ದಿದ್ದೇ ಒಳ್ಳೇದಾಯ್ತಮ್ಮ. ಕೊಟ್ಟಿದ್ರೆ ಅವನು ಬದುಕಿರ್ತಿದ್ನೋ ಇಲ್ವೋ, ಇವತ್ತು ಮನೆ ನಮಗೆ ಸಿಗ್ತಿರಲಿಲ್ಲ. ಈ ಮೂಗೀನ ಕಳಿಸೋದು ಏನು ದೊಡ್ಡ ವಿಷಯ?"

ಅತ್ತೆ ಬೇಡವೆನ್ನಲಿಲ್ಲ. ಹೆತ್ತ ತಾಯಿ...

ಕಿರಿಸೊಸೆ ಬಿಟ್ಟ ಚಪ್ಪಲಿಯನ್ನು ನೀಟಾಗಿ ಗೋಡೆಗೆ ಜೋಡಿಸಿಟ್ಟಳು. ಒಳಗೆ ಹೋಗಿ ಮಗಳಿಗೆ ತಲೆ ಬಾಚಿದಳು. ಹೇಳಬೇಕೆಂದಿದ್ದ ಮಾತನ್ನು ಒಳಗೇ ಇಟ್ಟುಕೊಂಡಳು. ಅಂದಿನಿಂದ ಅದನ್ನು ಅವಳು ಕಾದ ಇಸ್ತ್ರಿಪೆಟ್ಟಿಗೆಯಂತೆ ಜೋಪಾನವಾಗಿ ಹಿಡಿದುಕೊಂಡೇ ಓಡಾಡಿದಳು.

ಊಟದ ಹೊತ್ತಿನ ಆ ಮಾತಾದ ಮೇಲೆ ಪಾಲು ಬಿಟ್ಟುಕೊಡುವ ಪತ್ರಕ್ಕೆ ದಿನ ಗೊತ್ತಾಯಿತು. ಬೆಳಿಗ್ಗೆ ನೋಂದಣಿ, ಅಲ್ಲಿಂದ ಸೀದಾ ಬ್ಯಾಂಕು. ಹಿಂದಿನ ಸಂಜೆ ಭಾವ ಅಂಗಡಿಯಿಂದ ಬಂದವನೇ ಹೆಂಡತಿಗೆ ಹೇಳಿದ, "ನಾಳೆ ನೀನೂ ಬಾ. ಸಾಲಕ್ಕೆ ತಮ್ಮನ ಜಾಗದಲ್ಲಿ ಇನ್ನೊಂದು ಸಹಿ ಬೇಕಂತೆ. ನಿಂಗೂ ಸಂಬಳ ಬರುತ್ತಲ್ಲ, ನಡೆಯುತ್ತೆ."

ವಾರಗಿತ್ತಿ ಶಿಶುವಿಹಾರದಲ್ಲಿ ಆಯಾ. ಮಕ್ಕಳ ಮೂಗು ಒರೆಸಿ ಒರೆಸಿ ಬೆರಳು ಒಡೆದಿದ್ದವು. ಅವಳು ಸುಮ್ಮನೆ ತಲೆಯಾಡಿಸಿದಳು. ಆ ಮನೆಯಲ್ಲಿ ಕಿರಿಯಳ ತಟ್ಟೆಗೆ ಅತ್ತೆಯ ಕಣ್ಣು ತಪ್ಪಿಸಿ ಇನ್ನೊಂದು ಸೌಟು ಬಡಿಸುತ್ತಿದ್ದವಳು ಅವಳೊಬ್ಬಳೇ.

ಇದನ್ನು ಕಿರಿಸೊಸೆ ಎಣಿಸಿರಲಿಲ್ಲ. ಈಗ ಬಾಯಿ ಬಿಟ್ಟರೆ ಮಾತು ಭಾವನ ಕಿವಿಗೆ ಬೀಳಬಹುದು. ಬಿದ್ದರೆ ಪತ್ರ ನಿಲ್ಲುತ್ತದೆ, ಸಾಲ ತನ್ನ ಕೊರಳಿಗೂ ತನ್ನ ನಂತರ ಮಗಳ ಕೊರಳಿಗೂ ಬೀಳುತ್ತದೆ. ಬಾಯಿ ಬಿಡದಿದ್ದರೆ ವಾರಗಿತ್ತಿಯ ಈ ಒಡೆದ ಬೆರಳುಗಳೇ ಬಡ್ಡಿ ತೀರಿಸಬೇಕು...

ತಾರಸಿಯ ಮೇಲೆ ಒಣಗಿದ ಹೊದಿಕೆಗಳಿದ್ದವು. ಅವನ್ನು ಮಡಿಸಲು ಇಬ್ಬರು ಬೇಕು. ಆಸ್ಪತ್ರೆಯ ಪದ್ಧತಿಯನ್ನು ಇವಳೇ ವಾರಗಿತ್ತಿಗೆ ಕಲಿಸಿದ್ದಳು. ಎದುರುಬದುರು ನಿಂತು ಬಿಗಿಯಾಗಿ ಎಳೆಯಬೇಕು, ಒಮ್ಮೆ ಕೊಡವಬೇಕು, ಆಮೇಲೆ ನಡೆದು ಬಂದು ಮೂಲೆಗೆ ಮೂಲೆ ಸೇರಿಸಬೇಕು. ಆ ಒಂದು ಗಳಿಗೆ ಇಬ್ಬರ ಮುಖಗಳೂ ಹತ್ತಿರ ಬರುತ್ತವೆ. ಪಕ್ಕದಲ್ಲಿ ಕಾವಲು ನಿಂತವರಿಗೂ ಮಾತು ಕೇಳಿಸದು. ಅತ್ತೆ ಅಂದು ತಾರಸಿಯ ಮೆಟ್ಟಿಲ ಮೇಲೇ ಕೂತಿದ್ದರು.

ಮೂಲೆಗಳು ಸೇರಿದವು. "ನಾಳೆ ಸಹಿ ಹಾಕಬೇಡ ಅಕ್ಕ," ಎಂದಳು.

ದೂರ ಸರಿದರು. ಎಳೆದರು. ಮತ್ತೆ ಹತ್ತಿರ.

"ಯಾಕೆ?"

"ಸಾಲ ಕರಗೇ ಇಲ್ಲ. ಹತ್ತರಲ್ಲಿ ಒಂಬತ್ತು ಪಾಲು ಹಾಗೇ ಇದೆ. ಅದು ಮುಗಿಯೋ ಹೊತ್ತಿಗೆ ಭಾವನಿಗೆ ಎಪ್ಪತ್ತೇಳಾಗುತ್ತೆ. ನಡುವೆ ಏನಾದ್ರೂ ಆದ್ರೆ ನೀನು ಕಟ್ಟಬೇಕು."

ಇನ್ನೊಂದು ಹೊದಿಕೆ ಬಿಚ್ಚಿದರು. ವಾರಗಿತ್ತಿಯ ಮುಖದ ಬಣ್ಣ ಇಳಿದಿತ್ತು. "ಅವರಿಗೆ ಗೊತ್ತಾ?"

"ಇಲ್ಲ."

"ಏನು ಗುಸುಗುಸು ಅಲ್ಲಿ?" ಎಂದರು ಅತ್ತೆ.

"ಕಲೆ ಹೋಗಿಲ್ಲ ಅಂತಿದ್ಲು," ಎಂದು ವಾರಗಿತ್ತಿ ಮಡಿಸಿದ್ದನ್ನೆಲ್ಲ ಎದೆಗವಚಿಕೊಂಡು ಕೆಳಗಿಳಿದು ಹೋದಳು. ಹಿಂತಿರುಗಿ ನೋಡಲಿಲ್ಲ. ಬೆಳಗಾಗುವವರೆಗೂ ಕಿರಿಸೊಸೆ, ಪಕ್ಕದ ಕೋಣೆಯಲ್ಲಿ ಈಗ ಕೂಗು ಏಳುತ್ತದೆ, ಈಗ ಬಾಗಿಲು ಬಡಿಯುತ್ತಾರೆ ಎಂದು ಮಗಳ ಬೆನ್ನ ಮೇಲೆ ಕೈಯಿಟ್ಟು ಕಾದಳು. ಯಾರೂ ಬಡಿಯಲಿಲ್ಲ.

ನೋಂದಣಿ ಸುಸೂತ್ರವಾಗಿ ಮುಗಿಯಿತು. 'ಬಾಕಿ ಸಾಲ ಎಷ್ಟೇ ಇದ್ದರೂ' ಎಂಬ ಸಾಲು ಬಂದಾಗ ಭಾವ, "ನೋಡಿದ್ಯಾ, ನೀನು ಹೇಳಿದಂಗೇ ಹಾಕ್ಸಿದೀನಿ," ಎಂದು ಬೆನ್ನು ತಟ್ಟುವವನಂತೆ ನಕ್ಕ. ಅವಳೂ ನಕ್ಕಳು. ಗಂಡ ಸತ್ತ ಮೇಲೆ ನಕ್ಕದ್ದು ಅದೇ ಮೊದಲು.

ಬ್ಯಾಂಕಿನಲ್ಲಿ ಅಧಿಕಾರಿ ಬಾಕಿಯನ್ನು ಓದಿ ಹೇಳಿದ. ಭಾವ ಇನ್ನೊಮ್ಮೆ ಕೇಳಿದ. ಅಧಿಕಾರಿ ಇನ್ನೊಮ್ಮೆ ಓದಿದ.

"ಏನೋ ತಪ್ಪಾಗಿದೆ, ಸರಿಯಾಗಿ ನೋಡಿ. ಹನ್ನೊಂದು ವರ್ಷ ಕಟ್ಟಿದೀವಿ. ಕಂತು ಒಂದು ಸಲಾನೂ ಏರಿಲ್ಲ."

"ಅದಕ್ಕೇ ಸರ್, ಏರಿಲ್ಲ, ಅದಕ್ಕೇ," ಎಂದು ಅಧಿಕಾರಿ ಸಾವಧಾನವಾಗಿ, ಶಾಲೆಯ ಮಕ್ಕಳಿಗೆ ಹೇಳುವಂತೆ ಹೇಳಿದ. ಅಸಲು, ಬಡ್ಡಿ, ಏರಿದ ವರ್ಷಗಳು. ಅಂಗಡಿಯಲ್ಲಿ ಊರಿಗೆಲ್ಲ ಬುದ್ಧಿ ಹೇಳುವವನ ತುಟಿ ಒಣಗುತ್ತಾ ಬಂತು. ಕೊನೆಗೆ ಅಧಿಕಾರಿ ಕಾಗದವನ್ನು ವಾರಗಿತ್ತಿಯ ಕಡೆ ಸರಿಸಿದ. "ಮೇಡಂ ಸಹಿ ಮಾಡಿದ್ರೆ ಅವಧಿ ಹೀಗೇ ಮುಂದುವರಿಸಬಹುದು. ಅವರು ಸಣ್ಣವರಲ್ವಾ. ಇಲ್ಲಾಂದ್ರೆ ನಿಮಗೆ ಅರವತ್ತು ತುಂಬೋದ್ರೊಳಗೆ ಮುಗಿಸಬೇಕು. ಕಂತು ಒಂದೂವರೆ ಪಟ್ಟು ದಾಟುತ್ತೆ."

"ಹಾಕು, ಹಾಕು," ಎಂದ ಭಾವ, ಪೆನ್ನನ್ನು ಹೆಂಡತಿಯ ಕೈಗೆ ತುರುಕುತ್ತಾ.

ವಾರಗಿತ್ತಿ ಪೆನ್ನಿಗೆ ಮುಚ್ಚಳ ಹಾಕಿ ಮೇಜಿನ ಮೇಲಿಟ್ಟಳು.

"ಎಷ್ಟೇ ಇರ್ಲಿ ನಂದೇ ಅಂದ್ರಲ್ಲ," ಎಂದಳು. "ಮಾತು ಅಂದ್ರೆ ಮಾತು."

ಕಿರಿಸೊಸೆ ಕಿಟಕಿಯಾಚೆ ನೋಡುತ್ತಾ ನಿಂತಳು. ಹೊರಗೆ ಒಂದು ಬಸ್ಸು ನಿಂತು ಹೊರಟಿತು.

ಅಂದೇ ಸಂಜೆ ಅವಳು ಎರಡು ಚೀಲ, ಒಂದು ಹಾಸಿಗೆ ಸುರುಳಿ, ಮಗಳೊಂದಿಗೆ ಹೊರಟಳು. ಅತ್ತೆ ಬಾಗಿಲಿಗೆ ಅಡ್ಡ ನಿಂತರು. ಒಂದೇ ದಿನದಲ್ಲಿ ಕೆನ್ನೆಗಳು ಒಳಗೆ ಸರಿದಿದ್ದವು.

"ನಿಂಗೆ ಗೊತ್ತಿತ್ತಾ?"

"ಗೊತ್ತಿತ್ತು ಅತ್ತೆ."

"ಒಂದು ಮಾತು ಹೇಳಬಾರದಿತ್ತಾ... ಹಾಳಾಗಿ ಹೋದ್ವಲ್ಲೇ."

"ನಾನು ಮೂಗಿ ಅಲ್ವಾ," ಎಂದು ಅವಳು ಮಗಳ ಕೈ ಹಿಡಿದು ಮೆಟ್ಟಿಲಿಳಿದಳು.

ಆಸ್ಪತ್ರೆಯ ಹಿಂದಿನ ಬೀದಿಯಲ್ಲಿ ಅವಳದು ಒಂದೇ ಕೋಣೆ. ಗೋಡೆಗೆ ಮೊಳೆ ಹೊಡೆಯಲೂ ಮಾಲೀಕನನ್ನು ಕೇಳಬೇಕು. ಹನ್ನೊಂದು ವರ್ಷದ ದುಡಿಮೆ ಹೋಯಿತು, ಗಂಡ ಹೋದ, ಉಳಿದದ್ದು ಬಾಡಿಗೆ. ಆದರೆ ತಿಂಗಳ ಬಾಡಿಗೆ ಕೊಟ್ಟ ದಿನ ಅದು ಅಲ್ಲಿಗೆ ಮುಗಿಯುತ್ತಿತ್ತು. ಮಗಳ ಹೆಗಲಿಗೆ ದಾಟುತ್ತಿರಲಿಲ್ಲ.

ಕೆಲವು ತಿಂಗಳು ಕಳೆದ ಮೇಲೆ ಒಂದು ರಜೆಯ ಮಧ್ಯಾಹ್ನ ವಾರಗಿತ್ತಿ ಬಂದಳು. ಕೂರು ಎಂದರೂ ಕೂರದೆ, ಹಗ್ಗದ ಮೇಲಿದ್ದ ಹೊದಿಕೆಯ ಎರಡು ಮೂಲೆ ಹಿಡಿದಳು. ಇವಳು ಇನ್ನೆರಡು ಹಿಡಿದಳು.

"ನಮ್ಮೆಜಮಾನ್ರು ದಿನಾ ರಾತ್ರಿ ಅಂಗಡಿ ಮುಚ್ಚಿದ ಮೇಲೆ ಗೋದಾಮಿನಲ್ಲಿ ಮೂಟೆ ಲೆಕ್ಕ ಬರೆಯೋಕೆ ಹೋಗ್ತಿದಾರೆ," ಎಂದಳು ವಾರಗಿತ್ತಿ. "ರಜಾನೂ ಇಲ್ಲ. ಕಾಲು ಊದಿದೆ. ಎದೆ ಹಿಡಿಯುತ್ತೆ ಅಂತಾರೆ. ಡಾಕ್ಟ್ರು ವಿಶ್ರಾಂತಿ ತಗೋಬೇಕು ಅಂದ್ರು."

ಹೊದಿಕೆ ಬಿಗಿಯಾಯಿತು. ಕೊಡವಿದರು. ಕಿರಿಸೊಸೆ ನಡೆದು ಬಂದು ಮೂಲೆಗೆ ಮೂಲೆ ಸೇರಿಸಿದಳು.

"ತಗೊಳ್ಳಲಿ. ಮೂರು ತಿಂಗಳು," ಎಂದಳು. "ಕಂತು ಯಾರಾದ್ರೂ ಕಟ್ತಾರಾ ಕೇಳಲಿ."

ವಾರಗಿತ್ತಿ ಮುಂದಿನ ಮಡಿಕೆ ಹಾಕಿದಳು. ಕಣ್ಣು ತುಂಬಿದ್ದರೂ ತಪ್ಪು ಎನ್ನಲಿಲ್ಲ. ಎಲ್ಲ ಮಡಿಸಿ ಮುಗಿದ ಮೇಲೆ ಚಪ್ಪಲಿ ಮೆಟ್ಟುತ್ತಾ, "ನನ್ನ ಸಂಬಳದಲ್ಲಿ ಸ್ವಲ್ಪ ಉಳಿಸಿದೀನಿ," ಎಂದಷ್ಟೇ ಹೇಳಿ ಬೀದಿಗಿಳಿದಳು.

ಕಿರಿಸೊಸೆ ಬಾಗಿಲಲ್ಲೇ ನಿಂತಿದ್ದಳು. ಭಾವನ ಮೇಲಿನ ಸಿಟ್ಟು ಎಳ್ಳಷ್ಟೂ ಕಡಿಮೆಯಾಗಿರಲಿಲ್ಲ, ಅದು ಕಡಿಮೆಯಾಗುವುದೂ ಅವಳಿಗೆ ಬೇಕಿರಲಿಲ್ಲ. ಆದರೆ ಬೀದಿಯ ತಿರುವಿನಲ್ಲಿ ಹೋಗುತ್ತಿದ್ದ ಚಪ್ಪಲಿಗಳ ಹಿಮ್ಮಡಿ ಸವೆದಿತ್ತು.

"ಅಕ್ಕ," ಎಂದು ಕೂಗಿದಳು. ಹುಟ್ಟಿದ ಮೇಲೆ ಬೀದಿಯಲ್ಲಿ ಅಷ್ಟು ಗಟ್ಟಿಯಾಗಿ ಕೂಗಿದ್ದು ಅದೇ ಮೊದಲು. "ಕಟ್ಟೋದಾದ್ರೆ ಅಸಲಿಗೆ ಅಂತ ಹೇಳಿ ಕಟ್ಟು. ಮುಂಚೇನೇ ಹೇಳಬೇಕು. ನಮಗೆ ಯಾರೂ ಹೇಳಿರಲಿಲ್ಲ."

ವಾರಗಿತ್ತಿ ತಿರುಗಿ ನೋಡಿ ಕೈ ಎತ್ತಿದಳು.

ಹಗ್ಗದ ಮೇಲೆ ಮರೆತ ಒಂದು ಹೊದಿಕೆ ಉಳಿದಿತ್ತು. ಕಿರಿಸೊಸೆ ಅದರ ನಡುಭಾಗವನ್ನು ಗದ್ದದಿಂದ ಎದೆಗೆ ಒತ್ತಿ ಹಿಡಿದು, ಎರಡೂ ತೋಳು ಉದ್ದಕ್ಕೆ ಚಾಚಿ, ಒಬ್ಬಳೇ ಮಡಿಸತೊಡಗಿದಳು.