ತಡವಾದದ್ದಕ್ಕೆ ಒಂದು ಕಾರಣ

"ಕಾಯಿಲೆ ಗೀಯಿಲೆ ಅಂತ ಬರೀಬೇಡಿ ಸಾರ್. ಆ ಮನೆ ವಿಷಯದಲ್ಲಿ ಸುಳ್ಳು ಪ್ರಮಾಣ ಮಾಡಿದ್ರೆ ಅದು ನಿಜ ಆಗಿಬಿಡುತ್ತೆ."

ದರ್ಜಿ ಹೆಂಗಸಿನ ಮಾತಿಗೆ ಹೊಸ ವಕೀಲ ಪಕಪಕನೆ ನಕ್ಕ. "ಹಾಗಾದ್ರೆ ನಾನು ಕೋಟ್ಯಧೀಶ ಅಂತ ಬರೆದುಬಿಡ್ಲಾ ಅಮ್ಮಾ?"

ಆಕೆ ನಗಲಿಲ್ಲ. "ನಮ್ಮತ್ತೆಗೆ ಆ ಮನೇಲಿ ಸುಳ್ಳು ಪ್ರಮಾಣದಿಂದ ಮೋಸ ಆಗಿತ್ತು. ಹೊಟ್ಟೆಯುರಿಗೆ ಮಂತ್ರವಾದೀನ ಕರೆಸಿ ಹೊಸ್ತಿಲ ಕೆಳಗೆ ಏನೋ ಹೂಳಿಸಿದ್ರು. ಆಮೇಲೆ ನಮ್ಮ ಮಾವ, ಕೈಗೆ ಲಕ್ವ ಹೊಡೆದಿತ್ತು ಅಂತ ಆ ಮನೆ ಕೇಸಲ್ಲಿ ಸುಳ್ಳು ಪ್ರಮಾಣ ಮಾಡಿದ್ರು. ಸಾಯೋವರೆಗೂ ನಾನೇ ತುತ್ತು ತಿನ್ನಿಸಿದ್ದು."

ನಿಜಕ್ಕೂ ತಪ್ಪು ವಕೀಲನದೇ. ಕೆಳಗಿನ ಕೋರ್ಟಿನಲ್ಲಿ ಆ ಮನೆ ಆಕೆಯ ಮೈದುನನ ಪಾಲಾದಾಗ, ಆಕೆ ತೀರ್ಪಿನ ನಕಲನ್ನು ಸಕಾಲಕ್ಕೇ ತಂದುಕೊಟ್ಟಿದ್ದಳು. ಈ ಮಹಾನುಭಾವ ಅದನ್ನು ಮೇಜಿನ ಖಾನೆಗೆ ತುರುಕಿ ಮರೆತೇಬಿಟ್ಟ. ಮೇಲ್ಮನವಿಯ ಗಡುವು ದಾಟಿತು. ಈಗ ತಡವಾದದ್ದೇಕೆಂದು ಅಫಿಡವಿಟ್‌ನಲ್ಲಿ ಪ್ರಮಾಣ ಮಾಡಿ ಹೇಳಬೇಕು. ಮರೆತೆ ಎಂದರೆ ಮಾನ ಹೋಗುತ್ತದೆ, ಕಾಯಿಲೆ ಎಂದರೆ ಯಾರೂ ಕೆದಕುವುದಿಲ್ಲ. ಆ ಕಸುಬಿನಲ್ಲಿ ಹಲವರು ಹಿಡಿಯುವ ಹಾದಿಯೇ ಅದು.

"ನಿಮ್ಮ ತಲೆ ಮೇಲೆ ಯಾಕೆ? ನನ್ನ ತಲೆ ಮೇಲೇ ಇರಲಿ" ಎಂದು ಅವನು ತನ್ನ ಹೆಸರಿನಲ್ಲೇ ಬರೆದ. ಕಣ್ಣಿನ ಬೇನೆಯಿಂದ ದೃಷ್ಟಿ ಹೋಗಿತ್ತು, ಕಾಗದ ಓದಲಾಗಲಿಲ್ಲ ಎಂದು. ಪರಿಚಯದ ಡಾಕ್ಟರು ಒಂದು ಸರ್ಟಿಫಿಕೇಟನ್ನೂ ಗೀಚಿಕೊಟ್ಟರು.

ನೋಟರಿಯ ಮುಂದೆ ಸಹಿ ಹಾಕುವಾಗ ಕೂದಲು ಸುಟ್ಟ ಕಮಟು ವಾಸನೆ ಬಂತು. ಅವನು ಸುತ್ತ ನೋಡಿದ. ಎಲ್ಲೂ ಹೊಗೆಯಿರಲಿಲ್ಲ.

ವಾಸನೆ ಅವನ ಜೊತೆಗೇ ಮನೆಗೆ ಬಂತು. ಮೂಗು ತೊಳೆದ, ಅಂಗಿ ಬದಲಿಸಿದ, ಹೋಗಲಿಲ್ಲ. ಮರುದಿನ ಪುಟಗಳ ಅಂಚು ಮಸಿ ಬಳಿದಂತೆ ಕಪ್ಪಾಗಿ ಕಂಡಿತು. ಕಪ್ಪು ಅಂಚಿನಿಂದ ಒಳಕ್ಕೆ ಬಂತು. ಕನ್ನಡಿಯಲ್ಲಿ ಮೊದಲು ಕಿವಿ ಹೋಯಿತು, ಆಮೇಲೆ ಕೆನ್ನೆ. ಕಣ್ಣಿನ ಆಸ್ಪತ್ರೆಯಲ್ಲಿ ಏನೂ ದೋಷವಿಲ್ಲ ಎಂದರು.

ಗೋಡೆ ಹಿಡಿದುಕೊಂಡು ಅವನು ದರ್ಜಿ ಅಂಗಡಿಗೆ ಬಂದಾಗ ಹೊಲಿಗೆ ಯಂತ್ರದ ಸದ್ದು ಗಕ್ಕನೆ ನಿಂತಿತು.

"ಏನಾದ್ರೂ ದಾರಿ ಇದ್ಯಾ ಅಮ್ಮಾ?"

ಆಕೆ ಅವನ ಕೈಹಿಡಿದು ಸ್ಟೂಲಿನ ಮೇಲೆ ಕೂರಿಸಿದಳು. "ಜಡ್ಜು ಅದನ್ನ ಸುಳ್ಳು ಅಂತ ತಳ್ಳಿಹಾಕಿದ್ರೆ ಬಿಡುತ್ತಂತೆ. ಒಪ್ಪಿದ್ರೆ ಮುಗೀತು. ನಮ್ಮ ಮಾವಂದು ಒಪ್ಪಿದ್ರು."

"ತಳ್ಳಿಹಾಕಿದ್ರೆ ನಿಮ್ಮ ಮನೆ ಹೋಗುತ್ತೆ."

"ಹೋಗ್ಲಿ ಬಿಡಿ. ನಿಮಗೆ ಕಣ್ಣು ಬೇಡ್ವಾ?"

ಆ ಮಾತಿಗೆ ಅವನು ಬಿಕ್ಕಿ ಬಿಕ್ಕಿ ಅತ್ತ.

ವಿಚಾರಣೆಯ ದಿನ ನ್ಯಾಯಾಧೀಶರು ನಾಣ್ಯದಷ್ಟಗಲ ಬೆಳಕಿನಲ್ಲಿ ಕಂಡರು. ಹಳೇ ಕಾಗದದ ಮುಗ್ಗಲು, ಬೆವರು, ಅದರ ಮೇಲೆ ಆ ಸುಟ್ಟ ಕಮಟು. ವಕೀಲ ಎದ್ದ. ಕುರ್ಚಿಗೆ ಎಡವಿದ. ಮೈದುನನ ವಕೀಲರು ಆಕ್ಷೇಪಣೆಗೆಂದು ಬಾಯಿ ತೆರೆದವರು, ಅವನ ತಡಕಾಡುವ ಕೈ ನೋಡಿ ಕೂತುಬಿಟ್ಟರು.

"ಸ್ವಾಮಿ, ಅದು ಸುಳ್ಳು! ನಾನು ಮರೆತಿದ್ದೆ, ಅಷ್ಟೇ. ನನಗೆ ಯಾವ ಬೇನೆಯೂ ಇರಲಿಲ್ಲ. ದಯವಿಟ್ಟು ತಳ್ಳಿಹಾಕಿ!"

ಯಾರೋ ಪಾಪ ಎಂದರು. ಅವನು ಮುಖವೆತ್ತಿ ಕೂಗಿದ. ಕೂಗಿದ್ದು ಗೋಡೆಯ ಕಡೆಗೆ.

"ಸಮಾಧಾನ ಮಾಡ್ಕೊಳ್ಳಿ" ನ್ಯಾಯಾಧೀಶರ ದನಿ ಮೃದುವಾಗಿತ್ತು. "ಕಣ್ಣಿನ ತೊಂದರೆ ಒಪ್ಪಿಕೊಳ್ಳೋಕೆ ಕಕ್ಷಿದಾರರ ಮುಂದೆ ನಾಚಿಕೆ ಬೇಡ. ಡಾಕ್ಟರ ಸರ್ಟಿಫಿಕೇಟ್ ಇದೆ, ನಿಮ್ಮ ಸ್ಥಿತಿ ನನ್ನ ಕಣ್ಣಿಗೇ ಕಾಣ್ತಿದೆ."

"ಬೇಡ ಸ್ವಾಮಿ! ಬರೀಬೇಡಿ!"

ಪೆನ್ನಿನ ಸದ್ದು. ಬೆಳಕು ಬಟಾಣಿಯಷ್ಟಾಯಿತು. ಸಾಸಿವೆಯಷ್ಟಾಯಿತು. ಪೆನ್ನು ನಿಂತಿತು.

"ವಿಳಂಬ ಮನ್ನಾ ಮಾಡಿದೆ. ಮೇಲ್ಮನವಿ ದಾಖಲಾಗಲಿ."

ವಾಸನೆ ಹೋಗಿಬಿಟ್ಟಿತು. ಬೆಳಕೂ. ಕತ್ತಲಲ್ಲಿ ಒರಟು ಬೆರಳುಗಳು ಅವನ ಮೊಣಕೈ ಹಿಡಿದವು.

"ಬನ್ನಿ ಸಾರ್" ಎಂದಳು ದರ್ಜಿ ಹೆಂಗಸು, ಅಳುತ್ತಾ. "ಮುಂದೆ ಮೆಟ್ಟಿಲಿದೆ."