ಜಾಕಿ ಹಬೀಬ್ ಸಾಬರ ತೂಕದ ಕಲ್ಲು

೧೯೩೭ನೇ ಇಸವಿ ಅಕ್ಟೋಬರ್ ೨೫, ಸೋಮವಾರ. ಬೆಳಗಿನ ಹತ್ತು ಗಂಟೆಗೆ ಸಿರಾ ಪೊಲೀಸ್ ಠಾಣೆಯ ಮುಂದೆ ಒಂದು ಎತ್ತಿನ ಗಾಡಿ ನಿಂತಿತು. ಇಳಿದವರು ಜಾಕಿ ಹಬೀಬ್ ಸಾಬ್. ಆ ಹೆಸರು ಗೊತ್ತಿಲ್ಲದವರು ಸಿರಾದಲ್ಲಿ ಯಾರೂ ಇರಲಿಲ್ಲ. ಮೈಸೂರು, ಬೆಂಗಳೂರು, ಊಟಿ, ಮದರಾಸು, ಎಲ್ಲಿ ರೇಸು ನಡೆದರೂ ಗೆದ್ದ ಕುದುರೆಯ ಬೆನ್ನ ಮೇಲೆ ಕಾಣಿಸಿಕೊಳ್ಳುತ್ತಿದ್ದ ಆಳು. ದಸರಾ ರೇಸಿನ ಬಂಗಾರದ ಕಪ್ಪನ್ನು ಮೂರು ಸಲ ಎತ್ತಿದವರು. ಪೇಟೆಯ ಕ್ಷೌರದಂಗಡಿಯಲ್ಲಿ ಅವರ ಫೋಟೋ ದೇವರ ಪಟಗಳ ಸಾಲಿನಲ್ಲೇ ಇತ್ತು. ಅಂಥ ಮನುಷ್ಯ ಗಾಡಿಯಿಂದ ಎರಡು ಕಬ್ಬಿಣದ ತೂಕದ ಕಲ್ಲುಗಳನ್ನು ಇಳಿಸಿ ಠಾಣೆಯ ಜಗಲಿಯ ಮೇಲೆ ಇಡಿಸಿ, ಇನ್‌ಸ್ಪೆಕ್ಟರ್ ಮರುಳಸಿದ್ದಯ್ಯನವರ ಮುಂದೆ ಕೈಕಟ್ಟಿ ನಿಂತರು.

“ಕಂಪ್ಲೇಂಟ್ ಕೊಡ್ಬೇಕು ಸಾಹೇಬ್ರೆ.”

“ಯಾರ ಮೇಲೆ?”

“ಯಾರು ಅಂತ ಗೊತ್ತಿಲ್ಲ. ಈ ಕಲ್ಲು ನಂಗೆ ಮೋಸ ಮಾಡ್ಬುಟ್ಟವೆ.”

“ಕಲ್ಲಿನ ಮೇಲೆ ಎಫ್.ಐ.ಆರ್. ಹಾಕೋಕೆ ಬರಲ್ಲ ಸಾಬ್ರೆ. ಕೂತ್ಕೊಂಡು ಹೇಳಿ.”

ಹಬೀಬ್ ಸಾಬ್ ಕೂತರು. ಕುರ್ಚಿಯಲ್ಲಿ ಇನ್ನೊಬ್ಬರು ಕೂರುವಷ್ಟು ಜಾಗ ಉಳಿಯಿತು. ಅವರು ಹೇಳಿದ್ದನ್ನು ದಫೇದಾರ ರೇಣುಕಯ್ಯ ಬರೆದುಕೊಂಡ.

ರೇಸಿನಲ್ಲಿ ಪ್ರತಿ ಕುದುರೆಗೂ ಇಷ್ಟೇ ಭಾರ ಹೊರಬೇಕೆಂದು ಗೊತ್ತುಮಾಡಿರುತ್ತಾರೆ. ಸವಾರ, ಜೀನು ಎರಡೂ ಸೇರಿ ಅಷ್ಟೇ ತೂಗಬೇಕು. ಅದಕ್ಕಾಗಿ ಹಬೀಬ್ ಸಾಬರ ಮನೆಯ ಹಿತ್ತಲಲ್ಲಿ ಬೇವಿನ ಮರಕ್ಕೆ ಒಂದು ದೊಡ್ಡ ತಕ್ಕಡಿ ಕಟ್ಟಿದೆ. ಒಂದು ತಟ್ಟೆಯಲ್ಲಿ ಐವತ್ತಾರು ಪೌಂಡಿನ ಈ ಎರಡು ಕಲ್ಲು. ಇನ್ನೊಂದರಲ್ಲಿ ಜೀನನ್ನು ತೊಡೆಯ ಮೇಲಿಟ್ಟುಕೊಂಡು ಅವರು. ಹನ್ನೊಂದು ವರ್ಷದಿಂದ ಪ್ರತಿ ಶುಕ್ರವಾರ ಇದೇ ಕೆಲಸ. ತಟ್ಟೆ ತಮ್ಮ ಕಡೆ ಇಳಿದರೆ ಆ ವಾರ ಊಟವಿಲ್ಲ. ಮಧ್ಯಾಹ್ನದ ಬಿಸಿಲಲ್ಲಿ ಕಂಬಳಿ ಹೊದ್ದು ಕೆರೆಯವರೆಗೆ ಓಡುವುದು, ಕುದುರೆ ಲದ್ದಿಯ ಗುಂಡಿಯಲ್ಲಿ ಕುತ್ತಿಗೆಯವರೆಗೆ ಹೂತುಕೊಂಡು ಬೆವರುವುದು. ಈ ವರ್ಷ ಯುಗಾದಿಯಿಂದೀಚೆಗೆ ಯಾಕೋ ತಕ್ಕಡಿ ಅವರ ಮೇಲೆ ಕರುಣೆ ತೋರಿಸಿತ್ತು. ಪ್ರತಿ ವಾರ ಅವರ ತಟ್ಟೆ ಮೇಲೇ ಉಳಿಯುತ್ತಿತ್ತು. ಹೊಟ್ಟೆ ತುಂಬ ಉಂಡರು. ದಸರಾಕ್ಕೆ ಮೈಸೂರಿಗೆ ಹೋಗಿ ಅಲ್ಲಿನ ತಕ್ಕಡಿಯಲ್ಲಿ ಕೂತರೆ ಏಳು ಪೌಂಡು ಜಾಸ್ತಿ. ಅವರನ್ನು ಇಳಿಸಿ ಬೇರೊಬ್ಬನನ್ನು ಹತ್ತಿಸಿದರು. ಗೆಲ್ಲಬೇಕಾದ ಕುದುರೆ ಕೂದಲೆಳೆಯಲ್ಲಿ ಸೋತಿತು.

“ಬೇಕು ಅಂತ್ಲೇ ಮೈ ಬೆಳೆಸ್ಕೊಂಡು ಬಂದವನೆ, ಕಾಸು ತಿಂದವನೆ ಅಂದ್ರು,” ಎಂದರು ಹಬೀಬ್ ಸಾಬ್. “ಲೈಸನ್ಸ್ ತಡೆಹಿಡಿದವ್ರೆ. ಸೋಲು ಗೆಲುವು ಅಲ್ಲಾಹ್ ಕೈಲದೆ ಸಾಹೇಬ್ರೆ. ಕಳ್ಳ ಅನ್ನೋ ಮಾತು ಹೊತ್ಕೊಂಡು ನಾನು ಹೆಂಗೆ ತಿರುಗಾಡ್ಲಿ?”

ಇನ್‌ಸ್ಪೆಕ್ಟರ್ ಒಂದು ಲೋಟ ನೀರು ತರಿಸಿದರು. ಸಾಬರು ಒಂದೇ ಗುಟುಕು ಕುಡಿದು ಲೋಟ ಕೆಳಗಿಟ್ಟರು. ಮೈಸೂರಿನಿಂದ ಬಂದ ಮೇಲೆ ಮತ್ತೆ ಊಟ ಬಿಟ್ಟಿದ್ದಾರೆಂಬುದು ನೋಡಿದರೇ ಗೊತ್ತಾಗುತ್ತಿತ್ತು. ಸುಳ್ಳು ತೂಕದ ಕಲಂ ಪ್ರಕಾರ ಕೇಸು ದಾಖಲಾಯಿತು.

ಅಕ್ಟೋಬರ್ ೨೭ರಂದು ಕಲ್ಲುಗಳನ್ನು ಮೋಟಾರು ಬಸ್ಸಿನಲ್ಲಿ ಮಧುಗಿರಿಗೆ ಒಯ್ದು, ಅಲ್ಲಿನ ಕಚೇರಿಯ ಮುದ್ರೆಯೊತ್ತಿದ ಕಲ್ಲುಗಳ ಜೊತೆ ತೂಗಿ ನೋಡಿದರು. ಒಂದೊಂದೂ ಮೂರೂವರೆ ಪೌಂಡು ಹೆಚ್ಚಿಗೆ ಇತ್ತು. ಬೋರಲು ಹಾಕಿ ನೋಡಿದಾಗ ತಳದ ಪೊಳ್ಳಿನಲ್ಲಿ ಸೀಸ ಹೊಯ್ದದ್ದು ಕಂಡಿತು. ರೇಣುಕಯ್ಯ ಚಾಕುವಿನಿಂದ ಕೆರೆದ. ಒಂದು ಪದರ ಎದ್ದು ಬಂತು. ಅದರ ಕೆಳಗೆ ಇನ್ನೊಂದು, ಅದರ ಕೆಳಗೆ ಮತ್ತೊಂದು. ಪ್ರತಿ ಪದರವನ್ನೂ ಬಟ್ಟೆಯಲ್ಲಿ ಉಜ್ಜಿ ನಯಮಾಡಿತ್ತು. ಅಲ್ಲೇ ಪಂಚನಾಮೆ ಬರೆದರು.

“ಇದು ಶಂಕರಲಿಂಗಪ್ಪನ ಕೆಲ್ಸವೇ ಸ್ವಾಮಿ,” ಎಂದ ರೇಣುಕಯ್ಯ. “ಹುಣಸೆಹಣ್ಣಿನ ಕಾಲದಲ್ಲಿ ಈ ಕಲ್ಲು ಹದಿನೈದು ದಿನ ಅವನ ಮಂಡೀಲಿದ್ವಂತೆ. ಭಾರದ ಕಲ್ಲಿಟ್ಟು ರೈತರ ಮಾಲು ತೂಗವನೆ. ಆಮೇಲೆ ಸೀಸ ಕೀಳೋದು ಮರೆತವನೆ.”

ಕೇಳುವುದಕ್ಕೆ ಮಾತು ಸರಿಯಾಗಿಯೇ ಇತ್ತು. ಮಂಡಿ ಶಂಕರಲಿಂಗಪ್ಪ ಠಾಣೆಗೆ ಬರುವಾಗಲೇ ಹಣೆಯ ವಿಭೂತಿ ಬೆವರಿಗೆ ಕರಗಿತ್ತು.

“ಕಲ್ಲು ಯಾಕೆ ಇಸ್ಕೊಂಡ್ರಿ?”

“ಬೆಂಗಳೂರಿನ ಸಾಹುಕಾರ್ರು ಪೌಂಡಿನ ಲೆಕ್ಕದಲ್ಲೇ ಬೇಕು ಅಂದ್ರು ಸ್ವಾಮಿ. ನಮ್ಮ ತಾವ ಪೌಂಡಿನ ಕಲ್ಲಿರ್ಲಿಲ್ಲ.”

“ಕೊಳ್ಳೋಕೋ, ಮಾರೋಕೋ?”

“ಮಾರೋಕೆ. ಭಾರದ ಕಲ್ಲಿಟ್ಟು ಮಾರಿದ್ರೆ ನಮ್ಮನೆ ಮುಳುಗೋಗ್ತದಲ್ಲ?” ಎಂದವರು ಅಲ್ಲಿಗೇ ತಡೆದು, ಎದೆ ಮುಟ್ಟಿಕೊಂಡು ಕೇಳಿದರು. “ಸ್ವಾಮಿ, ಆಗ್ಲೇ ಸೀಸ ಇತ್ತಾ ಅದ್ರೊಳಗೆ?”

“ಇರಲಿಲ್ಲ. ಕಲ್ಲು ವಾಪಸ್ಸು ಕೊಟ್ಟ ಮೇಲೆ, ಯುಗಾದಿಯಿಂದ ಶುರುವಾಗಿದೆ. ಮನೆಗೆ ಹೋಗಿ.”

ಶಂಕರಲಿಂಗಪ್ಪ ಹಣೆ ಒರೆಸಿಕೊಂಡು ಹೋದರು. ರೇಣುಕಯ್ಯನ ಮುಖ ಸಪ್ಪಗಾಯಿತು. ಮಾರುವವನು ಭಾರದ ಕಲ್ಲು ಮಾಡಿಸುವುದಿಲ್ಲ ಎಂಬಷ್ಟು ವ್ಯಾಪಾರ ಅವನಿಗೂ ಗೊತ್ತಿತ್ತು.

ಅಕ್ಟೋಬರ್ ೨೯ರಂದು ಬೆಳಗ್ಗೆ ಹಬೀಬ್ ಸಾಬರ ಮನೆಯಲ್ಲಿ ಸ್ಥಳ ಪರೀಕ್ಷೆ ನಡೆಯಿತು. ತಕ್ಕಡಿಯಲ್ಲಿ ಏನೂ ದೋಷವಿರಲಿಲ್ಲ. ಹಿತ್ತಲಿಗೆ ಎತ್ತರದ ಗೋಡೆ, ಒಳಗೆ ಬರಲು ಅಡುಗೆಮನೆಯ ಬಾಗಿಲೊಂದೇ. ಹೊರಗಿನವನು ಯಾರಿಗೂ ಕಾಣದಂತೆ ಮೂರು ಸಲ ಬಂದು ಸೀಸ ಕಾಸಿ ಹೋಗುವುದು ಆಗದ ಮಾತು. ಸಾಬರು ಮೈಸೂರಿಗೆ ತೊಟ್ಟುಕೊಂಡು ಹೋಗಿದ್ದ ಬಟ್ಟೆ ತೋರಿಸಲು ಇನ್‌ಸ್ಪೆಕ್ಟರ್ ಹೇಳಿದರು. ಪರದೆಯ ಹಿಂದಿನಿಂದ ಸಾಬರ ಹೆಂಡತಿ ಗುಲ್ಷನ್ ಬಿಳಿ ಚಲ್ಲಣವನ್ನು ಮಡಿಸಿ ಕೊಟ್ಟಳು.

ಮರುಳಸಿದ್ದಯ್ಯನವರಿಗೆ ಐದು ಮಕ್ಕಳು. ಬೆಳೆಯುವ ಮಕ್ಕಳ ಚಡ್ಡಿಯ ಹೊಲಿಗೆ ಬಿಚ್ಚಿ ಹಿಗ್ಗಿಸುವುದನ್ನು ಮನೆಯಲ್ಲಿ ದಿನಾ ಕಂಡವರು. ಸೊಂಟದ ಪಟ್ಟಿಯನ್ನು ಒಳಮಗ್ಗಲು ಮಾಡಿ ಬೆಳಕಿಗೆ ಹಿಡಿದರು. ಈಗಿನ ಹೊಲಿಗೆಯ ಪಕ್ಕದಲ್ಲಿ ಸೂಜಿಯ ಹಳೇ ತೂತುಗಳ ಸಾಲೊಂದು, ಅದರ ಪಕ್ಕದಲ್ಲಿ ಇನ್ನೊಂದು, ಮತ್ತೊಂದು. ಮೂರು ಸಲ ಬಿಚ್ಚಿ ಮೂರು ಸಲ ಹಿಗ್ಗಿಸಿತ್ತು. ಸೀಸದ ಪದರವೂ ಮೂರೇ ಇದ್ದವು.

“ಇದು ನಿಮಗೆ ಬಿಗಿ ಆಗ್ಲಿಲ್ವಾ ಸಾಬ್ರೆ?”

“ಇಲ್ಲ. ಅದ್ಕೇ ತೂಕ ಸರಿಯಾಗದೆ ಅಂದ್ಕೊಂಡೆ.”

“ಬಟ್ಟೆ ಯಾರು ಹೊಲೀತಾರಮ್ಮ?”

“ನಾನೇ,” ಎಂದಿತು ಪರದೆಯ ಹಿಂದಿನ ದನಿ.

“ತವರು ಯಾವೂರು?”

“ಇದೇ ಊರು. ಕಲಾಯಿ ನಬೀ ಸಾಬ್ ನಮ್ಮ ಅಬ್ಬಾ.”

ಪಾತ್ರೆಗಳಿಗೆ ಕಲಾಯಿ ಹಾಕುವವರ ಮನೆಯಲ್ಲಿ ತವರ, ಸೀಸ, ಒಲೆ, ತಿದಿ ಎಲ್ಲ ಇರುತ್ತವೆ. ಕಾದ ಲೋಹವನ್ನು ಬಟ್ಟೆಯಲ್ಲಿ ಉಜ್ಜಿ ನಯಮಾಡುವುದೂ ಅವರ ಕಸುಬೇ. ರೇಣುಕಯ್ಯ ಇನ್‌ಸ್ಪೆಕ್ಟರರ ಮುಖ ನೋಡಿದ. ಅವರು ಚಲ್ಲಣವನ್ನು ಮಡಿಸಿ ಕೊಟ್ಟು ಹೊರಟುಬಿಟ್ಟರು. ಬೀದಿಗೆ ಬಂದ ಮೇಲೆ ರೇಣುಕಯ್ಯನಿಗೆ ತಡೆಯಲಾಗಲಿಲ್ಲ.

“ಹಿಡಿಯೋದಲ್ವಾ ಸ್ವಾಮಿ ಇನ್ನ?”

“ಯಾಕೆ ಮಾಡಿದ್ಲು ಹೇಳು.”

“ಎದುರಾಳಿ ಕಡೆಯೋರು ಕಾಸು ಕೊಟ್ಟಿರಬೋದು.”

“ಕಾಸಿಗೆ ಮಾಡೋಳು ಒಂದೇ ಸಲ ಸುರಿದು ಕೈ ತೊಳ್ಕೋತಿದ್ಲು. ಇದು ಆರು ತಿಂಗಳ ಕೆಲಸ ಕಣಯ್ಯ. ಯಾಕೆ ಅಂತ ಗೊತ್ತಾಗ್ಲಿ, ಆಮೇಲೆ ಹಿಡಿಯೋಣ. ಮೊದಲು ಅವಳಪ್ಪನ್ನ ಕರ್ಕೊಂಡು ಬಾ.”

ನಬೀ ಸಾಬ್ ಊರಲ್ಲಿರಲಿಲ್ಲ. ಚೀಲ ಹೊತ್ತು ಕೊರಟಗೆರೆ ಕಡೆಯ ಹಳ್ಳಿಗಳಿಗೆ ಹೋಗಿದ್ದರು. ರೇಣುಕಯ್ಯ ಊರೂರು ಅಲೆದು ಕೊನೆಗೆ ಚನ್ನರಾಯನದುರ್ಗದಲ್ಲಿ, ಮರದ ನೆರಳಲ್ಲಿ ಹಂಡೆಗೆ ಕಲಾಯಿ ಹಾಕುತ್ತ ಕೂತಿದ್ದ ಮುದುಕನನ್ನು ಕಂಡುಹಿಡಿದ. ನವೆಂಬರ್ ೮, ಸೋಮವಾರ ಮಧ್ಯಾಹ್ನ ಎರಡು ಗಂಟೆಗೆ ಠಾಣೆಗೆ ಕರೆತಂದ. ಆಗಲೇ ರಂಜಾನ್ ಶುರುವಾಗಿತ್ತು. ಮುದುಕರ ತುಟಿ ಒಣಗಿತ್ತು.

ಇನ್‌ಸ್ಪೆಕ್ಟರ್ ಕಲ್ಲನ್ನು ಬೋರಲು ಮಾಡಿ ಮುಂದಿಟ್ಟರು. ನಬೀ ಸಾಬ್ ಸೀಸದ ಮೇಲೆ ಹೆಬ್ಬೆರಳು ಸವರಿದರು. ಮತ್ತೊಮ್ಮೆ ಸವರಿ, ಬೆರಳನ್ನು ಅಲ್ಲೇ ಇಟ್ಟುಕೊಂಡು ಕೂತರು.

“ನಾನೇ ಮಾಡಿದ್ದು ಸಾಹೇಬ್ರೆ.”

“ಎಷ್ಟು ಸಲ ಸುರಿದ್ರಿ?”

“ಒಂದೇ ಸಲ.”

“ಮೂರು ಸಲ ಸುರಿದದೆ. ನೀವು ಮಾಡಿಲ್ಲ. ಮಾಡಿದ್ದು ಯಾರು ಅಂತ ಈಗ ನಿಮಗೆ ಗೊತ್ತಾಯ್ತು.”

ಮುದುಕರು ತಲೆ ಎತ್ತಲಿಲ್ಲ. “ಎಂಟು ವರ್ಷದವಳಿದ್ದಾಗ ನಾನೇ ಕಲಿಸಿದ್ದು. ಆ ಕೈ ನಂಗೆ ಗೊತ್ತಾಗಲ್ವಾ? ನನ್ನ ಹೆಸ್ರೇ ಬರ್ಕೊಳ್ರಿ. ವಯಸ್ಸಾಯ್ತು, ಜೈಲಾದ್ರೇನು.”

ಅಪ್ಪನನ್ನು ಪೊಲೀಸರು ಹಿಡಿದು ತಂದರೆಂಬ ಸುದ್ದಿ ಅಷ್ಟರಲ್ಲಿ ಕೇರಿ ಮುಟ್ಟಿತ್ತು. ಎರಡೂವರೆಗೆ ಗುಲ್ಷನ್ ಬುರ್ಖಾ ತೊಟ್ಟು, ಒಬ್ಬಳೇ ಠಾಣೆಯ ಮೆಟ್ಟಿಲು ಹತ್ತಿದಳು.

“ಅಬ್ಬಾನ್ನ ಬುಟ್ಬುಡಿ ಸಾಹೇಬ್ರೆ. ಸೀಸ ಅವರ ಚೀಲದಿಂದ ನಾನು ತಗೊಂಡಿದ್ದು.”

“ಯಾಕೆ?”

“ನಮ್ಮನೆಯವರು ಉಣ್ಲಿ ಅಂತ.”

ರೇಣುಕಯ್ಯ ಲೇಖನಿ ಎತ್ತಿದವನು ಬರೆಯದೆ ಹಾಗೇ ಹಿಡಿದುಕೊಂಡ. ಗುಲ್ಷನ್ ಯಾರೂ ಕೇಳುವ ಮೊದಲೇ ಹೇಳುತ್ತ ಹೋದಳು. ಹೋದ ವರ್ಷ ಬೆಂಗಳೂರಲ್ಲಿ ಗೆದ್ದ ಕುದುರೆಯ ಮೇಲೇ ಅವರು ಜ್ಞಾನ ತಪ್ಪಿದರು. ಬಿದ್ದು ಪಕ್ಕೆಲುಬು ಮುರಿಯಿತು. ಉಪವಾಸ ಬಿದ್ದು ಗುಂಡಿಗೆ ಸೋತಿದೆ, ಇನ್ನೊಂದು ಸಲ ಹೀಗಾದರೆ ಏಳುವುದಿಲ್ಲ ಎಂದು ಡಾಕ್ಟರು ಆಕೆಯನ್ನು ಪಕ್ಕಕ್ಕೆ ಕರೆದು ಹೇಳಿದರು. ಸಾಬರು ಮನೆಗೆ ಬಂದು, ಪಕ್ಕೆಯ ಪಟ್ಟಿ ಬಿಚ್ಚಿದ ವಾರವೇ ಮತ್ತೆ ಕಂಬಳಿ ಹೊದ್ದು ಓಡಿದರು.

“ಊರಿಗೆಲ್ಲ ವರ್ಷಕ್ಕೆ ಒಂದು ತಿಂಗಳು ರೋಜಾ. ನಮ್ಮನೇಲಿ ಹನ್ನೊಂದು ವರ್ಷ. ಊರೋರು ಸಂಜೆ ಆದ್ರೆ ತಿಂತಾರೆ, ಇವರು ಆಗ್ಲೂ ತಿನ್ನಲ್ಲ. ಯುಗಾದಿ ಆದ್ಮೇಲೆ ಮೊದಲ್ನೇ ಸಲ ಸೀಸ ಹೊಯ್ದೆ. ಶುಕ್ರವಾರ ತಟ್ಟೆ ಮೇಲೆ ಹೋಯ್ತು. ನಕ್ಕೊಂಡು ಒಳಗೆ ಬಂದು, ‘ಗುಲ್ಷನ್, ಎರಡು ರೊಟ್ಟಿ ಹಾಕು’ ಅಂದ್ರು. ಮದ್ವೆ ಆದಾಗಿಂದ ಆ ಮಾತು ಕೇಳಿರ್ಲಿಲ್ಲ ನಾನು. ಅದ್ಕೇ ಮತ್ತೆ ಹೊಯ್ದೆ.”

“ಅವರಿಗೆ ಕಳ್ಳ ಅಂದಾಗ್ಲೂ ಸುಮ್ಮನಿದ್ರಲ್ಲ?”

“ಹೆಚ್ಚಂದ್ರೆ ದಪ್ಪ ಆಗಿದೀಯ, ಮನೆಗೆ ಹೋಗು ಅಂತಾರೆ ಅಂದ್ಕೊಂಡಿದ್ದೆ. ಕಳ್ಳ ಅಂತಾರೆ ಅಂತ ಗೊತ್ತಿರ್ಲಿಲ್ಲ. ನಿಜ ಹೇಳಿದ್ರೆ ಹೆಸ್ರು ಉಳೀತದೆ. ಹೆಸ್ರು ಉಳಿದ್ರೆ ಲೈಸನ್ಸ್ ಬರ್ತದೆ. ಲೈಸನ್ಸ್ ಬಂದ್ರೆ ಮತ್ತೆ ಕುದುರೆ ಹತ್ತಿ ಸಾಯ್ತಾರೆ. ಹೆಸ್ರು ಉಳಿಸ್ಲಾ, ಆಳನ್ನ ಉಳಿಸ್ಲಾ, ನೀವೇ ಹೇಳ್ರಿ.”

ಇಪ್ಪತ್ತು ವರ್ಷದ ನೌಕರಿಯಲ್ಲಿ ಇನ್‌ಸ್ಪೆಕ್ಟರ್ ಸುಳ್ಳು ತೂಕದ ಕೇಸು ಹಿಡಿದದ್ದು ಹತ್ತಾರು, ಎಲ್ಲವೂ ಪರರ ಅನ್ನ ಕಸಿದ ಕೇಸುಗಳೇ. ಮ್ಯಾಜಿಸ್ಟ್ರೇಟರಿಂದ ವಾರಂಟು ತರಿಸಿ ನಾಲ್ಕೂವರೆಗೆ ಗುಲ್ಷನ್‌ಳನ್ನು ದಸ್ತಗಿರಿ ಮಾಡಿದರು. ಲಾಕಪ್ಪಿಗೆ ಹಾಕದೆ ಬೆಂಚಿನ ಮೇಲೆ ಅಪ್ಪನ ಪಕ್ಕ ಕೂರಿಸಿ, ಫಿರ್ಯಾದಿಗೆ ಹೇಳಿಕಳಿಸಿದರು.

ಹಬೀಬ್ ಸಾಬ್ ಬಂದರು. ಎಲ್ಲವನ್ನೂ ನಿಂತೇ ಕೇಳಿದರು. ಆಮೇಲೆ ಹೆಂಡತಿಯ ಕಡೆ ತಿರುಗಿದರು.

“ಮೂರು ಸಲಾನಾ?”

“ಮೂರು ಸಲ.”

“ಇಷ್ಟು ಜನರ ಮುಂದೆ ನನ್ನ ತಲೆ ತಗ್ಗಿಸಿದ್ಯಲ್ಲ. ಬಾಯಿಬಿಟ್ಟು ಒಂದು ಮಾತು ಹೇಳೋಕೆ ಆಗ್ಲಿಲ್ವಾ ನಿಂಗೆ?”

“ಹನ್ನೊಂದು ವರ್ಷ ಹೇಳ್ದೆ. ನೀವು ತಕ್ಕಡಿ ಮಾತು ಬಿಟ್ರೆ ಯಾರ ಮಾತೂ ಕೇಳ್ಲಿಲ್ಲ.”

ಸಾಬರ ಸಿಟ್ಟು ಅಲ್ಲಿಗೆ ನಿಂತಿತು. ಅವರು ಬೆಂಚಿನ ತುದಿಯಲ್ಲಿ ಕೂತು ಎರಡೂ ಕೈಯಿಂದ ಮುಖ ಮುಚ್ಚಿಕೊಂಡರು. ಆ ಕೈಗಳನ್ನು ಗುಲ್ಷನ್ ನೋಡುತ್ತಿದ್ದಳು. ಮಣಿಕಟ್ಟಿನ ಮೂಳೆ ಮತ್ತೆ ಎದ್ದಿತ್ತು.

“ಜಾಮೀನಿಗೆ ಯಾರಾದ್ರೂ ಬೇಕು,” ಎಂದರು ಇನ್‌ಸ್ಪೆಕ್ಟರ್. “ಊರಲ್ಲಿ ಸ್ವಂತ ಮನೆ ಇರೋರು.”

ನಬೀ ಸಾಬರಿಗೆ ಇದ್ದದ್ದು ಬಾಡಿಗೆ ಮನೆ. ಹಬೀಬ್ ಸಾಬ್ ಮುಖದಿಂದ ಕೈ ತೆಗೆದರು.

“ಎಲ್ಲಿ ಸೈನ್ ಹಾಕ್ಬೇಕು?”

“ಫಿರ್ಯಾದಿನೇ ಆರೋಪಿಗೆ ಜಾಮೀನು ನಿಂತ್ರೆ ಹೆಂಗೆ ಸ್ವಾಮಿ?” ಎಂದ ರೇಣುಕಯ್ಯ ಮೆಲ್ಲಗೆ.

“ನಿಲ್ಲಬಾರದು ಅಂತ ನಾನೆಲ್ಲೂ ಓದಿಲ್ಲ. ಮಸಿ ಕೊಡು.”

ಸಾಬರು ಸಹಿ ಹಾಕಿ ಲೇಖನಿಯನ್ನು ಕೈಯಲ್ಲೇ ಹಿಡಿದು ನಿಂತರು. “ಮೈಸೂರಿಗೆ ಕಾಗದ ಬರೀತೀರಲ್ಲ ಸಾಹೇಬ್ರೆ, ಹಬೀಬ್ ಸಾಬ್ ಕಳ್ಳ ಅಲ್ಲ ಅಂತ ಬರೀರಿ. ಲೈಸನ್ಸ್ ವಾಪಸ್ ಕೊಡಿ ಅಂತ ಮಾತ್ರ ಬರೀಬೇಡ್ರಿ.”

“ಯೋಚನೆ ಮಾಡಿ ಹೇಳ್ತಿದೀರಾ?”

“ಕುದುರೆ ಬಿಟ್ಟು ಬೇರೆ ಕೆಲ್ಸ ನಂಗೆ ಗೊತ್ತಿಲ್ಲ. ಹುಡುಗರಿಗೆ ಕಲಿಸ್ತೀನಿ. ಕಲಿಸೋರನ್ನ ಯಾರೂ ತೂಗಲ್ಲ.” ಕಲ್ಲುಗಳ ಕಡೆ ಕೈ ತೋರಿಸಿದರು. “ಅವನ್ನೂ ನೀವೇ ಇಟ್ಕೊಳ್ರಿ.”

ಗುಲ್ಷನ್ ಬುರ್ಖಾದ ಅಂಚನ್ನು ಬಾಯಿಗೊತ್ತಿಕೊಂಡು ಅತ್ತಳು. ಅಷ್ಟು ದಿನ ಹಿಡಿದುಕೊಂಡಿದ್ದ ಅಳು ಅದು.

ಹೊತ್ತು ಮುಳುಗುತ್ತಿತ್ತು. ಮನೆ ಸೇರುವಷ್ಟರಲ್ಲಿ ಉಪವಾಸ ಬಿಡುವ ಹೊತ್ತು ಮೀರುತ್ತದೆಂದು ಇನ್‌ಸ್ಪೆಕ್ಟರ್ ಠಾಣೆಯ ಜಗಲಿಯಲ್ಲೇ ಚಾಪೆ ಹಾಸಿಸಿ, ಕೊಡದಲ್ಲಿ ನೀರು ಇಡಿಸಿದರು. ನಬೀ ಸಾಬರ ಚೀಲದಲ್ಲಿ ನಾಲ್ಕು ಖರ್ಜೂರವಿತ್ತು. ಪಕ್ಕದ ಮನೆಯವರು ಗುಲ್ಷನ್‌ಗೆಂದು ರೊಟ್ಟಿ, ಪಲ್ಯ ಕಳಿಸಿದ್ದರು. ಮೂವರೂ ಹೊರಗೆ ಹೋಗಿ ಕೂತರು.

ಮರುಳಸಿದ್ದಯ್ಯ ಒಳಗೆ ದೀಪ ಹಚ್ಚಿಸಿಕೊಂಡು ವರದಿ ಬರೆಯತೊಡಗಿದರು. ಆರೋಪಿಯ ಹೆಸರು, ಕೃತ್ಯದ ವಿವರ, ಜಪ್ತಿಯಾದ ಮಾಲು ಎಲ್ಲ ಸಲೀಸಾಗಿ ಬಂತು. ‘ಮೋಸದಿಂದ ಲಾಭ ಹೊಂದಿದವರು’ ಎಂಬಲ್ಲಿ ಲೇಖನಿ ನಿಂತಿತು. ಮಸೀದಿಯಿಂದ ಅಜಾನ್ ಕೇಳಿಸಿತು. ಹೊರಗೆ ನೀರು ಬಗ್ಗಿಸಿದ ಸದ್ದಾಯಿತು. ಗುಲ್ಷನ್ ಅಪ್ಪನಿಗೆ ರೊಟ್ಟಿ ಕೊಟ್ಟಳು. ಗಂಡನಿಗೆ ಹನ್ನೊಂದು ವರ್ಷದ ರೂಢಿಯಂತೆ ಒಂದು ಖರ್ಜೂರ ಮಾತ್ರ ಕೊಟ್ಟು ರೊಟ್ಟಿಯ ಗಂಟು ಕಟ್ಟಹೋದಳು.

“ಗುಲ್ಷನ್,” ಎಂದರು ಹಬೀಬ್ ಸಾಬ್. “ಎರಡು ರೊಟ್ಟಿ ಹಾಕು.”

ರೇಣುಕಯ್ಯ ಬಾಗಿಲಿಗೆ ಬೆನ್ನು ಮಾಡಿ ನಿಂತು ಗೋಡೆ ನೋಡುತ್ತಿದ್ದ. ಇನ್‌ಸ್ಪೆಕ್ಟರ್ ಲೇಖನಿಯನ್ನು ಮಸಿಯಲ್ಲಿ ಅದ್ದಿ ಬರೆದರು: ‘ಲಾಭ ಹೊಂದಿದವರು, ಫಿರ್ಯಾದಿ. ಲಾಭ, ಏಳು ಪೌಂಡು ಮೈ. ಆರೋಪಿಗೆ ಬೇರೆ ಉದ್ದೇಶ ಕಂಡುಬಂದಿಲ್ಲ.’